ರಾಬಿ ಮ್ಯೂಲರ್: ಇದ್ದ ಬೆಳಕಿಗೆ ಕಾದು ನಿಂತ ಛಾಯಾಗ್ರಾಹಕ

ಮುಸ್ಸಂಜೆ

ಕಳೆದ ವಾರ 'ಪ್ಯಾರಿಸ್, ಟೆಕ್ಸಾಸ್' ಚಿತ್ರವನ್ನು ಮೂರನೆಯ ಸಲ ನೋಡಿದೆ. ಮೊದಲೆರಡು ಸಲ ಕಥೆಯ ಬೆನ್ನು ಹತ್ತಿದ್ದೆ. ಈ ಸಲ ಕಥೆ ಗೊತ್ತಿದ್ದುದರಿಂದಲೋ ಏನೋ, ಕಣ್ಣು ತಾನಾಗಿಯೇ ಬೆಳಕಿನ ಮೇಲೆ ನಿಂತಿತು. ಮರುಭೂಮಿಯ ಕಣ್ಣು ಕೋರೈಸುವ ಬಿಸಿಲಿನಲ್ಲಿ ಕೆಂಪು ಟೋಪಿ ತೊಟ್ಟು ನಡೆದು ಬರುವ ಟ್ರಾವಿಸ್, ರಸ್ತೆ ಬದಿಯ ಹಸಿರು ಟ್ಯೂಬ್‌ಲೈಟುಗಳು, ಕೊನೆಯಲ್ಲಿ ಹ್ಯೂಸ್ಟನ್ ನಗರದ ಕಾರು ನಿಲ್ದಾಣ, ಅದರ ಹಿಂದೆ ಇನ್ನೂ ಆರದ ಸಂಜೆಯ ಬಣ್ಣ. ನಿರ್ದೇಶಕ ವಿಮ್ ವೆಂಡರ್ಸ್ ಬಗ್ಗೆ, ಕಥೆ ಬರೆದ ಸ್ಯಾಮ್ ಶೆಪರ್ಡ್ ಬಗ್ಗೆ, ರೈ ಕೂಡರ್ ಅವರ ಗಿಟಾರ್ ಬಗ್ಗೆ ನಮ್ಮ ಈ ಚರ್ಚಾ ಬಳಗದಲ್ಲಿ ಹಲವು ಸಲ ಮಾತಾಗಿದೆ. ಆದರೆ ಈ ಬೆಳಕನ್ನು ಹಿಡಿದ ಡಚ್ ಛಾಯಾಗ್ರಾಹಕ ರಾಬಿ ಮ್ಯೂಲರ್ ಅವರ ಬಗ್ಗೆ ಯಾರೂ ನಿಂತು ಮಾತನಾಡಿದಂತೆ ಕಾಣಲಿಲ್ಲ.

ಅವರ ಹೆಸರು ಬಂದಲ್ಲೆಲ್ಲ 'ಸಹಜ ಬೆಳಕಿನ ಛಾಯಾಗ್ರಾಹಕ' ಎಂಬ ವಿಶೇಷಣವೂ ಜೊತೆಗೇ ಬರುತ್ತದೆ. ನನಗೆ ಅದು ಸರಿ ಎನಿಸುವುದಿಲ್ಲ. ಆ ಕಾರು ನಿಲ್ದಾಣದ ವಿಷದಂಥ ಹಸಿರಿನಲ್ಲಿ ಸಹಜವಾದದ್ದು ಏನಿದೆ? ನಾವು ಬರಿಗಣ್ಣಿನಿಂದ ಅಂಥ ಹಸಿರನ್ನು ಎಂದೂ ನೋಡಿರುವುದಿಲ್ಲ. ಹಾಗಾದರೆ ಮ್ಯೂಲರ್ ಮಾಡುತ್ತಿದ್ದದ್ದು ನಿಜವಾಗಿ ಏನು? ಅವರ ಬದುಕು ಮತ್ತು ಕೆಲಸವನ್ನು ಬಲ್ಲವರು ದಯವಿಟ್ಟು ಬರೆಯಬೇಕು.

ಹಳೆಯ ಟಾಕೀಸು

ಒಳ್ಳೆಯ ಪ್ರಶ್ನೆ. ಉತ್ತರಕ್ಕೆ ಮೊದಲು ಅವರ ಹಿನ್ನೆಲೆಯನ್ನು ಹೇಳಿಬಿಡುತ್ತೇನೆ, ಏಕೆಂದರೆ ಅದರಲ್ಲಿಯೇ ಉತ್ತರದ ಒಂದು ತುದಿ ಇದೆ ಎಂದು ನನ್ನ ನಂಬಿಕೆ.

ರಾಬಿ ಮ್ಯೂಲರ್ ಹುಟ್ಟಿದ್ದು 1940ರ ಏಪ್ರಿಲ್ 4ರಂದು, ಕೆರಿಬಿಯನ್ ಸಮುದ್ರದ ಕುರಸಾವ್ ದ್ವೀಪದ ವಿಲೆಮ್‌ಸ್ಟಾಡ್ ಪಟ್ಟಣದಲ್ಲಿ. ಅದು ಆಗ ಡಚ್ಚರ ವಸಾಹತು. ನೆದರ್‌ಲ್ಯಾಂಡ್ಸಿಗೆ ಬಂದಾಗ ಅವರಿಗೆ ಹದಿಮೂರರ ಆಸುಪಾಸಿನ ವಯಸ್ಸು. ಎಂದರೆ, ವರ್ಷದ ಬಹುಪಾಲು ಮೋಡ ಕವಿದಿರುವ, ಬೆಳಕು ಯಾವಾಗಲೂ ಅಡ್ಡಡ್ಡವಾಗಿ ಬೀಳುವ ಆಮ್‌ಸ್ಟರ್‌ಡ್ಯಾಮಿಗೆ, ನೆತ್ತಿಯ ಮೇಲೆ ಸೂರ್ಯ ಸುಡುವ ನಾಡನ್ನು ಕಂಡ ಹುಡುಗನೊಬ್ಬ ಬಂದ. ಅಲ್ಲಿಯ ಚಲನಚಿತ್ರ ಅಕಾಡೆಮಿಯಲ್ಲಿ 1962ರಿಂದ 1964ರವರೆಗೆ ಕಲಿತು, ಬಳಿಕ ಜರ್ಮನಿಯಲ್ಲಿ ಕೆಲಸ ಮಾಡುತ್ತಿದ್ದ ಮತ್ತೊಬ್ಬ ಡಚ್ ಛಾಯಾಗ್ರಾಹಕ ಜೆರಾರ್ಡ್ ವಾಂಡೆನ್‌ಬರ್ಗ್ ಅವರ ಸಹಾಯಕರಾದರು. ಫೋಕಸ್ ಹೊಂದಿಸುತ್ತ, ಕ್ಯಾಮೆರಾದ ಫಿಲ್ಮ್ ಪೆಟ್ಟಿಗೆಗೆ (ಮ್ಯಾಗಜಿನ್) ಫಿಲ್ಮ್ ತುಂಬುತ್ತ ಕಲಿತ ಕಾಲ ಅದು.

ಮ್ಯೂನಿಕ್‌ನ ಚಲನಚಿತ್ರ ಶಾಲೆಯಲ್ಲಿ ಓದುತ್ತಿದ್ದ ವೆಂಡರ್ಸ್ ಅವರ ಪರಿಚಯ ಆ ವರ್ಷಗಳಲ್ಲೇ ಆಯಿತು. ಇಬ್ಬರೂ ಕೂಡಿ 1969ರಲ್ಲಿ ಒಂದು ಕಿರುಚಿತ್ರ ಮಾಡಿದರು. ವೆಂಡರ್ಸ್ ತಮ್ಮ ಶಾಲೆಯ ಕೊನೆಯ ಕೆಲಸವಾಗಿ ಮಾಡಿದ 'ಸಮ್ಮರ್ ಇನ್ ದ ಸಿಟಿ' (1970) ಚಿತ್ರಕ್ಕೂ ಮ್ಯೂಲರ್ ಅವರದೇ ಕ್ಯಾಮೆರಾ, 16 ಎಂ.ಎಂ. ಕಪ್ಪು-ಬಿಳುಪು ಫಿಲ್ಮಿನಲ್ಲಿ. ಅಲ್ಲಿಂದ ಮುಂದಿನ ಏಳೆಂಟು ವರ್ಷಗಳಲ್ಲಿ ಅವರಿಬ್ಬರು ಎಷ್ಟು ಕೆಲಸ ಮಾಡಿದರೆಂದರೆ, ಹೊಸ ಜರ್ಮನ್ ಸಿನಿಮಾ ಎಂದು ನಾವು ಕರೆಯುವುದರ ಒಂದು ಇಡೀ ಮುಖ ಈ ಡಚ್ಚನ ಕಣ್ಣಿನಿಂದ ಮೂಡಿದ್ದು ಎನ್ನಬಹುದು. 1972ರ ಪೆನಾಲ್ಟಿ ಕಿಕ್ಕಿನ ಗೋಲ್‌ಕೀಪರನ ಕಥೆ, 1974ರ 'ಆಲಿಸ್ ಇನ್ ದ ಸಿಟೀಸ್', 1975ರ 'ರಾಂಗ್ ಮೂವ್', 1976ರ 'ಕಿಂಗ್ಸ್ ಆಫ್ ದ ರೋಡ್', 1977ರ 'ದಿ ಅಮೆರಿಕನ್ ಫ್ರೆಂಡ್'.

ಇವುಗಳಲ್ಲಿ 'ಕಿಂಗ್ಸ್ ಆಫ್ ದ ರೋಡ್' ನನ್ನ ಮನಸ್ಸಿಗೆ ತೀರ ಹತ್ತಿರದ್ದು. ಊರೂರಿನ ಚಿತ್ರಮಂದಿರಗಳಿಗೆ ಹೋಗಿ ಪ್ರೊಜೆಕ್ಟರ್ ರಿಪೇರಿ ಮಾಡುವವನೊಬ್ಬನ ಕಥೆ ಅದು. ಅಂಥ ಚಿತ್ರಮಂದಿರವೊಂದರ ನೆರಳಿನಲ್ಲಿಯೇ ಬೆಳೆದ ನನಗೆ ಅದು ದೂರದ ದೇಶದ ಕಥೆ ಎಂದು ಒಮ್ಮೆಯೂ ಅನಿಸಲಿಲ್ಲ. ಚಿತ್ರ ಶುರುವಾಗುವುದೇ ಒಂದು ಲಿಖಿತ ಹೇಳಿಕೆಯಿಂದ: ಕಪ್ಪು-ಬಿಳುಪು, ಚೌಕಟ್ಟಿನ ಅನುಪಾತ 1:1.66, 1975ರ ಜುಲೈ 1ರಿಂದ ಅಕ್ಟೋಬರ್ 31ರ ನಡುವೆ 11 ವಾರಗಳ ಚಿತ್ರೀಕರಣ, ಪೂರ್ವ ಜರ್ಮನಿಯ ಗಡಿಯುದ್ದಕ್ಕೂ ಲ್ಯೂನೆಬರ್ಗ್‌ನಿಂದ ಹೋಫ್‌ವರೆಗೆ. ಮನೆಯ ಅಡಿಪಾಯದ ಕಲ್ಲಿನ ಮೇಲೆ ಕಟ್ಟಿದವರು ಇಸವಿ ಕೆತ್ತುವಂತೆ ಅವರು ಇದನ್ನು ಕೆತ್ತಿದ್ದಾರೆ. ಸಿದ್ಧ ಚಿತ್ರಕಥೆ ಇರಲಿಲ್ಲ. ಪ್ರಯಾಣ ಮಾಡುತ್ತ, ಮುಂದಿನ ದೃಶ್ಯವನ್ನು ಬರೆಯುತ್ತ, ತೆಗೆಯುತ್ತ ಹೋದರು. ನಾಳೆ ಯಾವ ಊರಿನಲ್ಲಿ ಏನು ತೆಗೆಯುತ್ತೇವೆ ಎಂದು ಇವತ್ತು ಗೊತ್ತಿಲ್ಲದ ತಂಡಕ್ಕೆ ಲಾರಿಗಟ್ಟಲೆ ದೀಪಗಳನ್ನು ಹೊತ್ತು ಹೋಗುವುದು ಆಗದ ಮಾತು. ಇದ್ದ ಬೆಳಕನ್ನೇ ನಂಬುವುದು ಮ್ಯೂಲರ್ ಅವರಿಗೆ ಸಿದ್ಧಾಂತವಾಗುವುದಕ್ಕಿಂತ ಮೊದಲು ಕೆಲಸದ ರೀತಿಯಾಗಿತ್ತು ಎಂದು ನಾನು ತಿಳಿದಿದ್ದೇನೆ.

ಲೆನ್ಸಿನ ಹಿಂದೆ

ನಾನು ಕೆಲವು ವರ್ಷಗಳಿಂದ ಕ್ಯಾಮೆರಾ ಸಹಾಯಕನಾಗಿ ದುಡಿಯುತ್ತಿದ್ದೇನೆ. ಆ ಹಸಿರಿನ ಬಗ್ಗೆ ಕೆಲಸದವನ ಕಡೆಯಿಂದ ಸ್ವಲ್ಪ ಹೇಳಬಹುದು.

ಹಳೆಯ ಕಾಲದ ಟ್ಯೂಬ್‌ಲೈಟ್ ಕೊಡುತ್ತಿದ್ದ ಬೆಳಕಿನಲ್ಲಿ ಎಲ್ಲ ಬಣ್ಣಗಳೂ ಸಮನಾಗಿ ಇರುತ್ತಿರಲಿಲ್ಲ. ಹಸಿರಿನ ಭಾಗ ಎದ್ದು ನಿಲ್ಲುತ್ತಿತ್ತು. ನಮ್ಮ ಮಿದುಳು ಅದನ್ನು ತಾನೇ ತಿದ್ದಿಕೊಂಡು ಬಿಳಿ ಎಂದು ಹೇಳಿಬಿಡುತ್ತದೆ. ಫಿಲ್ಮಿಗೆ ಆ ದಾಕ್ಷಿಣ್ಯವಿಲ್ಲ. ಬಣ್ಣದ ಫಿಲ್ಮನ್ನು ತಯಾರಿಸುವಾಗಲೇ ಒಂದೋ ಹಗಲಿನ ಬೆಳಕಿಗೆ, ಎಂದರೆ ಸುಮಾರು 5600 ಕೆಲ್ವಿನ್‌ಗೆ (ಬೆಳಕಿನ ಬಣ್ಣವನ್ನು ಅಳೆಯುವ ಮಾನ), ಇಲ್ಲವೇ ಸ್ಟುಡಿಯೋದ ಟಂಗ್‌ಸ್ಟನ್ ದೀಪಕ್ಕೆ, ಎಂದರೆ 3200 ಕೆಲ್ವಿನ್‌ಗೆ ಹೊಂದಿಸಿರುತ್ತಾರೆ. ಅದರ ಮುಂದೆ ಟ್ಯೂಬ್‌ಲೈಟ್ ಹಚ್ಚಿದರೆ ಮುಖಗಳೆಲ್ಲ ಪಾಚಿ ಹಿಡಿದಂತೆ ಕಾಣುತ್ತವೆ. ಆದ್ದರಿಂದ ಆ ಕಾಲದ ರೂಢಿ ಏನೆಂದರೆ, ಪ್ರತಿ ಟ್ಯೂಬಿಗೂ ನಸುಗೆಂಪು ಜೆಲ್ (ಬಣ್ಣದ ಪಾರದರ್ಶಕ ಹಾಳೆ) ಸುತ್ತುವುದು, ಇಲ್ಲವೇ ಟ್ಯೂಬುಗಳನ್ನೇ ಬದಲಾಯಿಸುವುದು, ಅದೂ ಆಗದಿದ್ದರೆ ಲ್ಯಾಬಿನಲ್ಲಿ ಹಸಿರನ್ನು ಇಳಿಸುವುದು. ಹಾಗೆ ಮಾಡದವನನ್ನು ಕೆಲಸ ಬಾರದವನು ಎನ್ನುತ್ತಿದ್ದರು.

ಮ್ಯೂಲರ್ ಆ ಹಸಿರನ್ನು ತಿದ್ದದೆ ಹಾಗೆಯೇ ಬಿಟ್ಟರು. ಮುಸ್ಸಂಜೆಯವರು ಕೇಳಿದ ಪ್ರಶ್ನೆಗೆ ನನ್ನ ಉತ್ತರ ಇಲ್ಲಿದೆ. ಅವರದು ನಮ್ಮ ಕಣ್ಣಿಗೆ ಸಹಜವಾಗಿ ಕಾಣುವ ಬೆಳಕು ಅಲ್ಲ. ಆ ಸ್ಥಳದಲ್ಲಿ ನಿಜವಾಗಿ ಇರುವ ಬೆಳಕು. ಎರಡೂ ಒಂದೇ ಅಲ್ಲ. ಮನೆ ಮಠ ಕಳೆದುಕೊಂಡ ಮನುಷ್ಯ ನಡುರಾತ್ರಿ ಪೆಟ್ರೋಲ್ ಬಂಕಿನಲ್ಲಿ ನಿಂತಾಗ ಅವನ ಮೇಲೆ ಬೀಳುವುದು ಆ ಹಸಿರೇ. ಅದನ್ನು ತಿದ್ದಿ ಬಿಳಿ ಮಾಡಿದರೆ ಅವನ ಒಂಟಿತನವನ್ನೂ ತಿದ್ದಿದಂತೆ.

ಇನ್ನೊಂದು ಮಾತು. ಕಪ್ಪು-ಬಿಳುಪು ಫಿಲ್ಮಿನಲ್ಲಿ ಕೆಲಸ ಮಾಡುವಾಗ ಹಗಲಿನ ಬೆಳಕು, ಬಲ್ಬು, ಟ್ಯೂಬು ಎಲ್ಲ ಒಂದೇ ಕೋಣೆಯಲ್ಲಿ ಬೆರೆತರೂ ಯಾವ ತೊಂದರೆಯೂ ಇಲ್ಲ. ಎಲ್ಲವೂ ಬೂದು ಬಣ್ಣದ ಬೇರೆ ಬೇರೆ ಮೆಟ್ಟಿಲುಗಳಾಗುತ್ತವೆ, ಅಷ್ಟೆ. ವೆಂಡರ್ಸ್ ಜೊತೆಗಿನ ಕಪ್ಪು-ಬಿಳುಪು ವರ್ಷಗಳಲ್ಲಿ ಮ್ಯೂಲರ್ ಈ ಬೆರಕೆಯ ಬೆಳಕಿಗೆ ಒಗ್ಗಿಕೊಂಡರು, ಬಣ್ಣಕ್ಕೆ ಬಂದಾಗಲೂ ಅದೇ ಧೈರ್ಯವನ್ನು ಬಿಡಲಿಲ್ಲ ಎಂಬುದು ನನ್ನ ಊಹೆ. 'ದಿ ಅಮೆರಿಕನ್ ಫ್ರೆಂಡ್' ಚಿತ್ರದ ಹ್ಯಾಂಬರ್ಗ್ ನಗರವನ್ನು ನೋಡಿದರೆ ಈ ಊಹೆ ನನಗೆ ಗಟ್ಟಿಯಾಗುತ್ತದೆ. 1970ರ ದಶಕದಲ್ಲಿ ಎಲ್ಲರೂ ಬಳಸುತ್ತಿದ್ದ ಕೊಡಾಕ್ ಬಣ್ಣದ ನೆಗೆಟಿವ್ ಕೇವಲ 100 ಎ.ಎಸ್.ಎ. ವೇಗದ್ದು (ಫಿಲ್ಮು ಬೆಳಕಿಗೆ ಎಷ್ಟು ಬೇಗ ಸ್ಪಂದಿಸುತ್ತದೆ ಎಂಬುದರ ಅಳತೆ ಇದು). ಈಗಿನ ಡಿಜಿಟಲ್ ಕ್ಯಾಮೆರಾಗಳಲ್ಲಿ 800 ಎಂಬುದು ಮಾಮೂಲು. ಆ ನಿಧಾನದ ಫಿಲ್ಮಿನಲ್ಲಿ ಮುಸ್ಸಂಜೆಯ ಬೀದಿಯನ್ನು ಹಿಡಿಯಲು ಹೊರಟವನಿಗೆ ಸಿಗುವ ಸಮಯ ಕೆಲವೇ ನಿಮಿಷ.

ಹೊಸ ವಿದ್ಯಾರ್ಥಿ

ಎಲ್ಲರಿಗೂ ಧನ್ಯವಾದಗಳು. ನಾನು ಈಗಷ್ಟೇ ಛಾಯಾಗ್ರಹಣ ಕಲಿಯಲು ಸೇರಿದ್ದೇನೆ. ಬರ್ಲಿನ್ನಿನ ಮೇಲೆ ದೇವದೂತರು ಓಡಾಡುವ 'ವಿಂಗ್ಸ್ ಆಫ್ ಡಿಸೈರ್' ಕೂಡ ಮ್ಯೂಲರ್ ಅವರದೇ ಅಲ್ಲವೇ? ಅದರ ಕಪ್ಪು-ಬಿಳುಪು ನೋಡಿಯೇ ನಾನು ಈ ಕ್ಷೇತ್ರಕ್ಕೆ ಬಂದದ್ದು.

ಇನ್ನೊಂದು ಅನುಮಾನವನ್ನೂ ಪ್ರಾಮಾಣಿಕವಾಗಿ ಕೇಳಿಬಿಡುತ್ತೇನೆ. ಇದ್ದ ಬೆಳಕಿನಲ್ಲಿ ತೆಗೆಯುವುದಾದರೆ ಛಾಯಾಗ್ರಾಹಕನ ಪಾಲಿನ ಕೆಲಸ ಏನು ಉಳಿಯುತ್ತದೆ? ಇವತ್ತು ಫೋನ್ ಹಿಡಿದ ಪ್ರತಿಯೊಬ್ಬರೂ ಇದ್ದ ಬೆಳಕಿನಲ್ಲಿಯೇ ತೆಗೆಯುತ್ತಿದ್ದೇವೆ.

ಹಳೆಯ ಟಾಕೀಸು

ಇಲ್ಲ, 1987ರ ಆ ಚಿತ್ರದ ಛಾಯಾಗ್ರಾಹಕರು ಫ್ರಾನ್ಸಿನ ಹಿರಿಯ ಆನ್ರಿ ಅಲೆಕಾನ್. ಈ ತಪ್ಪು ಬಹಳ ಜನರಿಂದ ಆಗುತ್ತದೆ, ಬೇಸರ ಪಡಬೇಡಿ. ವೆಂಡರ್ಸ್ ಅವರ 1982ರ 'ದ ಸ್ಟೇಟ್ ಆಫ್ ಥಿಂಗ್ಸ್' ಕೂಡ ಅಲೆಕಾನ್ ಅವರ ಕೆಲಸ. ಇಬ್ಬರ ಕಪ್ಪು-ಬಿಳುಪನ್ನು ಅಕ್ಕಪಕ್ಕದಲ್ಲಿ ಇಟ್ಟು ನೋಡಿ. ಅಲೆಕಾನ್ ಬೆಳಕನ್ನು ಕಟ್ಟುತ್ತಾರೆ, ಹಳೆಯ ಫ್ರೆಂಚ್ ಸ್ಟುಡಿಯೋಗಳಲ್ಲಿ ಕಲಿತ ಮಂತ್ರವಾದಿಯಂತೆ ಮಂಜು, ಹೊಳಪು, ಮೃದುತ್ವ ಎಲ್ಲವನ್ನೂ ಸೃಷ್ಟಿಸುತ್ತಾರೆ. ಮ್ಯೂಲರ್ ಅವರ ಕಪ್ಪು-ಬಿಳುಪಿನಲ್ಲಿ ರಸ್ತೆಯ ಧೂಳು ರಸ್ತೆಯ ಧೂಳಾಗಿಯೇ ಇರುತ್ತದೆ.

ಲೆನ್ಸಿನ ಹಿಂದೆ

ಹೊಸ ವಿದ್ಯಾರ್ಥಿಯವರ ಎರಡನೆಯ ಪ್ರಶ್ನೆ ಬಹಳ ಮುಖ್ಯವಾದದ್ದು. ಅದಕ್ಕೆ ನಿಂತು ಉತ್ತರಿಸುತ್ತೇನೆ.

ಒಂದನೆಯದಾಗಿ, ಮ್ಯೂಲರ್ ದೀಪಗಳನ್ನೇ ಬಳಸುತ್ತಿರಲಿಲ್ಲ ಎಂಬುದು ಸುಳ್ಳು. 'ಪ್ಯಾರಿಸ್, ಟೆಕ್ಸಾಸ್' ಚಿತ್ರದಲ್ಲಿ ಟ್ರಾವಿಸ್ ತನ್ನ ಹೆಂಡತಿ ಜೇನ್‌ಳನ್ನು ಗಾಜಿನ ಆಚೆಗೆ ಕಂಡು ಮಾತನಾಡುವ ಕೋಣೆಗಳನ್ನು ನೆನಪಿಸಿಕೊಳ್ಳಿ. ಒಂದು ಕಡೆಯಿಂದ ಮಾತ್ರ ಕಾಣುವ ಕನ್ನಡಿ ಎಂದು ನಾವು ಹೇಳುತ್ತೇವೆ, ಆದರೆ ಅಂಥ ಗಾಜು ನಿಜಕ್ಕೂ ಎರಡೂ ಕಡೆ ಒಂದೇ ರೀತಿ ಕೆಲಸ ಮಾಡುತ್ತದೆ. ಸ್ವಲ್ಪ ಬೆಳಕನ್ನು ಒಳಗೆ ಬಿಡುತ್ತದೆ, ಉಳಿದದ್ದನ್ನು ಹಿಂದಕ್ಕೆ ಎಸೆಯುತ್ತದೆ. ಯಾರು ಯಾರನ್ನು ನೋಡಬಲ್ಲರು ಎಂಬುದು ಯಾರ ಕೋಣೆಯಲ್ಲಿ ಎಷ್ಟು ಬೆಳಕಿದೆ ಎಂಬುದರ ಮೇಲೆ ನಿಂತಿದೆ. ಬೆಳಕಿನಲ್ಲಿರುವವಳು ತನ್ನದೇ ಮುಖವನ್ನು ನೋಡುತ್ತಾಳೆ, ಕತ್ತಲೆಯಲ್ಲಿರುವವನು ಅವಳನ್ನು ನೋಡುತ್ತಾನೆ. ಅಂಥ ಗಾಜಿನ ಮೂಲಕ ಕ್ಯಾಮೆರಾದಿಂದ ತೆಗೆಯಬೇಕಾದರೆ ಆಚೆ ಬದಿಗೆ ಬಹಳ ಬೆಳಕು ತುಂಬಬೇಕು, ಈಚೆ ಬದಿಯನ್ನು ಕತ್ತಲಾಗಿ ಕಾಯಬೇಕು. ಎರಡನೆಯ ಭೇಟಿಯಲ್ಲಿ ಜೇನ್ ತನ್ನ ಕೋಣೆಯ ದೀಪ ಆರಿಸುತ್ತಾಳೆ, ಟ್ರಾವಿಸ್ ಮೇಜಿನ ದೀಪವನ್ನು ತನ್ನ ಮುಖಕ್ಕೆ ತಿರುಗಿಸಿಕೊಳ್ಳುತ್ತಾನೆ, ಆಗ ಅವಳಿಗೆ ಅವನು ಕಾಣುತ್ತಾನೆ. ನಾಲ್ಕು ವರ್ಷ ದೂರವಾಗಿದ್ದ ಗಂಡ ಹೆಂಡತಿಯ ಇಡೀ ಕಥೆ ಎರಡು ಸ್ವಿಚ್ಚುಗಳಲ್ಲಿ ಮುಗಿಯುತ್ತದೆ. ಒಂದು ಚೌಕಟ್ಟಿನಲ್ಲಿ ಗಾಜಿನ ಮೇಲೆ ಬಿದ್ದ ಅವನ ಮುಖದ ಪ್ರತಿಬಿಂಬ ಅವಳ ತಲೆಯ ಮೇಲೆ ಕೂತುಕೊಳ್ಳುತ್ತದೆ. ಅದು ಹಾಗೆ ಕೂತುಕೊಳ್ಳಲು ಎರಡೂ ಕಡೆಯ ಬೆಳಕು ಕೂದಲೆಳೆಯಷ್ಟೂ ಹೆಚ್ಚುಕಡಿಮೆಯಾಗದಂತೆ ತೂಗಿರಬೇಕು. ಇದನ್ನು ಇದ್ದ ಬೆಳಕು ಎನ್ನುವುದು ಹೇಗೆ?

ಎರಡನೆಯದಾಗಿ, ಕಾಯುವುದು ಕೂಡ ಕೆಲಸವೇ. ಉತ್ತರ ಕರ್ನಾಟಕದ ಒಂದು ಊರಿನಲ್ಲಿ ಚಿಕ್ಕ ಚಿತ್ರವೊಂದರ ಕೆಲಸದಲ್ಲಿದ್ದಾಗ, ಖಾನಾವಳಿಯೊಂದರ ದೃಶ್ಯವನ್ನು ಅಲ್ಲಿದ್ದ ಟ್ಯೂಬುಗಳಲ್ಲಿಯೇ ತೆಗೆಯೋಣ ಎಂದು ನಮ್ಮ ಛಾಯಾಗ್ರಾಹಕರು ನಿರ್ಧರಿಸಿದರು. ಸುಲಭವೆಂದು ನಾನು ಭಾವಿಸಿದ್ದೆ. ಯಾವ ಟ್ಯೂಬು ಆರಿಸಬೇಕು, ಯಾವ ಮೇಜಿಗೆ ಯಾರು ಕೂರಬೇಕು, ಬಾಗಿಲಿನ ಹೊರಗಿನ ಆಕಾಶ ಎಷ್ಟು ನೀಲಿಯಾದಾಗ ಒಳಗಿನ ಹಸಿರಿಗೆ ಹೊಂದುತ್ತದೆ ಎಂದು ನೋಡುತ್ತ ಮೂರು ಸಂಜೆ ಕಳೆದೆವು. ಪ್ರತಿ ಸಂಜೆ ಸರಿಯಾದ ಬೆಳಕು ಉಳಿದದ್ದು ಹತ್ತು ಹನ್ನೆರಡು ನಿಮಿಷ. ಫೋನಿನಲ್ಲಿ ತೆಗೆಯುವಾಗ ನಾವು ಬೆಳಕನ್ನು ಆಯ್ಕೆ ಮಾಡುವುದಿಲ್ಲ. ಫೋನು ತಾನೇ ಎಲ್ಲವನ್ನೂ ಸರಿಮಾಡಿ, ಎಲ್ಲವನ್ನೂ ಒಂದೇ ರೀತಿಯ ಹೊಳಪಿಗೆ ತರುತ್ತದೆ. ಮ್ಯೂಲರ್ ಯಾವುದನ್ನು ತಿದ್ದಲು ಒಪ್ಪಲಿಲ್ಲವೋ ಅದನ್ನೇ ಫೋನು ಮೊದಲು ತಿದ್ದುತ್ತದೆ.

ಮುಸ್ಸಂಜೆ

ಈ ಉತ್ತರಕ್ಕಾಗಿಯೇ ನಾನು ಕಾದಿದ್ದೆ. ಗಾಜಿನ ದೃಶ್ಯವನ್ನು ಈಗಲೇ ಮತ್ತೆ ನೋಡಬೇಕು ಎನಿಸುತ್ತಿದೆ. ಜೇನ್ ಪಾತ್ರದ ನಸ್ತಾಸ್ಯಾ ಕಿನ್ಸ್ಕಿ ಸಿನಿಮಾಕ್ಕೆ ಕಾಲಿಟ್ಟದ್ದು 1975ರ 'ರಾಂಗ್ ಮೂವ್' ಚಿತ್ರದಲ್ಲಿ, ಮಾತೇ ಆಡದ ಹುಡುಗಿಯಾಗಿ. ಅವರನ್ನು ಮೊದಲು ತೆರೆಗೆ ತಂದ ಕ್ಯಾಮೆರಾ ಕಣ್ಣೇ ಒಂಬತ್ತು ವರ್ಷಗಳ ನಂತರ ಆ ಗಾಜಿನ ಈಚೆ ಬದಿಯಲ್ಲಿ ಇತ್ತು.

ನಾನು ಹುಡುಕಿ ನೋಡಿದ ಅಮೆರಿಕದ ವರ್ಷಗಳ ಬಗ್ಗೆಯೂ ಸ್ವಲ್ಪ ಬರೆಯುತ್ತೇನೆ. ಪೀಟರ್ ಬೊಗ್ಡಾನೊವಿಚ್ ಅವರಿಗಾಗಿ ಸಿಂಗಪುರದಲ್ಲಿ 'ಸೇಂಟ್ ಜ್ಯಾಕ್' (1979), ನ್ಯೂಯಾರ್ಕಿನ ಬೀದಿಗಳಲ್ಲಿ 'ದೇ ಆಲ್ ಲಾಫ್ಡ್' (1981). 1984 ಒಂದೇ ವರ್ಷದಲ್ಲಿ ಅವರ ಕೆಲಸದ 'ಪ್ಯಾರಿಸ್, ಟೆಕ್ಸಾಸ್', ಅಲೆಕ್ಸ್ ಕಾಕ್ಸ್ ಅವರ 'ರೆಪೊ ಮ್ಯಾನ್', ಬ್ರೇಕ್‌ಡಾನ್ಸ್ ಕುರಿತ 'ಬಾಡಿ ರಾಕ್' ಮೂರೂ ತೆರೆಗೆ ಬಂದವು. ಮೊದಲನೆಯದು ಕಾನ್ ಉತ್ಸವದ ಅತ್ಯುನ್ನತ ಪ್ರಶಸ್ತಿಯಾದ ಚಿನ್ನದ ತಾಳೆಗರಿ ಪಡೆಯಿತು. ಮೂರನೆಯದನ್ನು ಇಂದು ಯಾರೂ ನೆನೆಯುವುದಿಲ್ಲ. ಮರುವರ್ಷ ವಿಲಿಯಂ ಫ್ರೀಡ್ಕಿನ್ ಅವರ 'ಟು ಲಿವ್ ಅಂಡ್ ಡೈ ಇನ್ ಎಲ್.ಎ.'. ಅದರ ಪ್ರಸಿದ್ಧ ಕಾರು ಬೆನ್ನಟ್ಟುವ ದೃಶ್ಯ ಮುಖ್ಯ ತಂಡದಿಂದ ಬೇರೆಯಾಗಿ ಚಿತ್ರೀಕರಿಸುವ ಎರಡನೆಯ ಘಟಕದ ಛಾಯಾಗ್ರಾಹಕ ರಾಬರ್ಟ್ ಯೋಮನ್ ಅವರದು. ಆದರೆ ಲಾಸ್ ಏಂಜಲಿಸ್ ನಗರದ ಹೊಗೆ ತುಂಬಿದ ಕಿತ್ತಳೆ ಆಕಾಶವನ್ನು ಆ ಚಿತ್ರದಲ್ಲಿ ನೋಡಿದ ಮೇಲೆ ಅದು ಮ್ಯೂಲರ್ ಕಣ್ಣು ಎಂದು ಯಾರೂ ಹೇಳಬೇಕಿಲ್ಲ. ಹಾಲಿವುಡ್‌ನ ದೊಡ್ಡ ಸ್ಟುಡಿಯೋಗಳಲ್ಲಿ ಅವರು ನೆಲೆ ನಿಲ್ಲಲಿಲ್ಲ.

ಬೂದಿ ಬಣ್ಣ

ನಾನು ಇಲ್ಲಿ ಹೆಚ್ಚು ಬರೆಯುವವಳಲ್ಲ. ಆದರೆ ಅಮೆರಿಕದ ನಿರ್ದೇಶಕ ಜಿಮ್ ಜಾರ್ಮುಶ್ ಅವರ ಹೆಸರು ಇನ್ನೂ ಬರಲಿಲ್ಲವೆಂದು ಬರೆಯುತ್ತಿದ್ದೇನೆ. 'ಡೌನ್ ಬೈ ಲಾ' (1986) ಶುರುವಾಗುವುದು ನ್ಯೂ ಆರ್ಲಿಯನ್ಸ್ ನಗರದ ಬೀದಿಗಳ ಪಕ್ಕದಲ್ಲಿ ಸಾಗುವ ಕ್ಯಾಮೆರಾದಿಂದ. ಮನೆಗಳು, ಜಗಲಿಗಳು, ಸಮಾಧಿಗಳು ಒಂದರ ಹಿಂದೊಂದು ಸರಿಯುತ್ತವೆ. ಯಾವುದಕ್ಕೂ ಒತ್ತು ಇಲ್ಲ, ಆದರೆ ನಗರದ ಬಡತನ ಮತ್ತು ಸೊಗಸು ಎರಡೂ ಎದೆಗೆ ಇಳಿಯುತ್ತವೆ. ಮೂವರು ಜೈಲಿನಿಂದ ತಪ್ಪಿಸಿಕೊಂಡು ಲೂಸಿಯಾನಾದ ಜೌಗು ಕಾಡಿನಲ್ಲಿ ಅಲೆಯುವ ಭಾಗವಿದೆಯಲ್ಲ, ಅದನ್ನು ಬಣ್ಣದಲ್ಲಿ ತೆಗೆದಿದ್ದರೆ ಹಸಿರು ನೀರು, ಹಸಿರು ಮರ ಎಲ್ಲ ಕೂಡಿ ಪ್ರವಾಸದ ಚಿತ್ರದಂತೆ ಚೆಲುವಾಗಿಬಿಡುತ್ತಿತ್ತು. ಕಪ್ಪು-ಬಿಳುಪಿನಲ್ಲಿ ಅದು ದಿಕ್ಕು ತಪ್ಪಿದ ಮೂವರ ಕಾಡು.

1989ರ 'ಮಿಸ್ಟರಿ ಟ್ರೇನ್' ಬಣ್ಣದ್ದು. ಮೆಂಫಿಸ್ ನಗರದ ತಣ್ಣನೆಯ, ಮಾಸಿದ ಬಣ್ಣಗಳ ನಡುವೆ ಜಪಾನಿನ ಜೋಡಿಯೊಂದು ಕೋಲಿನ ಮೇಲೆ ಹೊತ್ತು ನಡೆಯುವ ಒಂದು ಕೆಂಪು ಸೂಟ್‌ಕೇಸ್. ಟ್ರಾವಿಸ್‌ನ ಕೆಂಪು ಟೋಪಿಯನ್ನು ಬಲ್ಲವರಿಗೆ ಈ ಕೆಂಪು ಕೂಡಲೇ ಗುರುತು ಸಿಗುತ್ತದೆ.

1995ರ 'ಡೆಡ್ ಮ್ಯಾನ್' ನನ್ನ ಮಟ್ಟಿಗೆ ಅವರ ಅತಿ ಎತ್ತರದ ಕೆಲಸ. ಗುಂಡೇಟು ತಿಂದು ನಿಧಾನವಾಗಿ ಸಾಯುತ್ತ ಪಶ್ಚಿಮಕ್ಕೆ ಸಾಗುವ ಗುಮಾಸ್ತನ ಕಥೆ. ಮೊದಲ ರೈಲು ಪ್ರಯಾಣದಲ್ಲಿ ಕಪ್ಪು ಕಪ್ಪಾಗಿಯೂ ಬಿಳುಪು ಬಿಳುಪಾಗಿಯೂ ಕಾಣುತ್ತದೆ. ಕಾಡಿನೊಳಗೆ ಹೋದಂತೆ ಬರ್ಚ್ ಮರಗಳ ತೊಗಟೆ, ಮಂಜು, ಬೂದಿ, ಅವನ ಮುಖ ಎಲ್ಲ ಒಂದೇ ಬೂದು ಬಣ್ಣದ ಹತ್ತಾರು ಛಾಯೆಗಳಾಗುತ್ತವೆ. ಸಾವು ಮತ್ತು ಬದುಕಿನ ನಡುವಿನ ಗೆರೆ ಮಾಸಿದ್ದನ್ನು ಮಾತಿಲ್ಲದೆ ತೋರಿಸಿದ್ದಾರೆ. ವಾರ್ಸಾದ ಯಹೂದಿ ಅನಾಥ ಮಕ್ಕಳ ಜೊತೆಗೆ ಸಾವಿನ ಶಿಬಿರಕ್ಕೆ ನಡೆದ ವೈದ್ಯನ ಮೇಲೆ ಆಂದ್ರೆಯ್ ವೈದಾ ಮಾಡಿದ 'ಕೋರ್ಚಾಕ್' (1990) ಕೂಡ ಮ್ಯೂಲರ್ ಅವರ ಕಪ್ಪು-ಬಿಳುಪು. ಅದನ್ನು ನಾನು ಒಮ್ಮೆ ಮಾತ್ರ ನೋಡಿದ್ದೇನೆ, ಎರಡನೆಯ ಸಲ ನೋಡುವ ಶಕ್ತಿ ಬರಲಿಲ್ಲ.

ಹೊಸ ವಿದ್ಯಾರ್ಥಿ

ನಿಮ್ಮೆಲ್ಲರ ಮಾತು ಕೇಳಿ 'ಬ್ರೇಕಿಂಗ್ ದ ವೇವ್ಸ್' (1996) ನೋಡಿದೆ. ಕ್ಷಮಿಸಿ, ನನಗೆ ಗೊಂದಲವಾಯಿತು. ಕ್ಯಾಮೆರಾ ನಡುಗುತ್ತದೆ, ಫೋಕಸ್ ತಪ್ಪುತ್ತದೆ, ಬಣ್ಣ ಒಗೆದು ಒಗೆದು ಮಾಸಿದ ಬಟ್ಟೆಯಂತಿದೆ. 'ಡೆಡ್ ಮ್ಯಾನ್' ತೆಗೆದ ಕೈಯೇ ಇದನ್ನೂ ತೆಗೆದದ್ದೇ?

ಲೆನ್ಸಿನ ಹಿಂದೆ

ಅದೇ ಮನುಷ್ಯ, ಆದರೆ ಕ್ಯಾಮೆರಾ ಹೊತ್ತವರು ಆಪರೇಟರ್ ಜಾನ್-ಪಾಲ್ ಮ್ಯೂರಿಸ್. ನಿರ್ದೇಶಕ ಲಾರ್ಸ್ ವಾನ್ ಟ್ರಯರ್ ಅವರಿಗೆ ನಟರು ಎಲ್ಲಿ ಬೇಕಾದರೂ ಹೋಗುವ ಸ್ವಾತಂತ್ರ್ಯ ಬೇಕಿತ್ತು. ನೆಲದ ಮೇಲೆ ಗುರುತಿಲ್ಲ, ಕ್ಯಾಮೆರಾ ಯಾವ ಕಡೆಗೆ ಬೇಕಾದರೂ ತಿರುಗಬಹುದು. ಸುತ್ತಲೂ ಎಲ್ಲವೂ ಚೌಕಟ್ಟಿಗೆ ಬೀಳುವಾಗ ದೀಪದ ಸ್ಟ್ಯಾಂಡನ್ನು ಎಲ್ಲಿ ನಿಲ್ಲಿಸುತ್ತೀರಿ? ಇದ್ದ ಬೆಳಕಿನಲ್ಲಿ ಬದುಕಲು ಕಲಿತ ಛಾಯಾಗ್ರಾಹಕನೊಬ್ಬನೇ ಅಂಥ ಷರತ್ತಿಗೆ ಒಪ್ಪಬಲ್ಲ. ಬಣ್ಣದ ಬಗ್ಗೆ: 35 ಎಂ.ಎಂ. ಫಿಲ್ಮಿನಲ್ಲಿ ತೆಗೆದದ್ದನ್ನು ವಿಡಿಯೋಗೆ ವರ್ಗಾಯಿಸಿ, ಅಲ್ಲಿ ಬಣ್ಣ ತಗ್ಗಿಸಿ, ಮತ್ತೆ ಫಿಲ್ಮಿಗೆ ತಂದರು. ಆ ಮಾಸಲು ಅಲ್ಲಿಂದ ಬಂದದ್ದು. ಸ್ಕಾಟ್ಲೆಂಡಿನ ಕಠೋರ ಧಾರ್ಮಿಕ ಹಳ್ಳಿಯ ಹುಡುಗಿ ಬೆಸ್‌ಳ ಕಥೆಗೆ ಸೊಗಸಾದ ಚೌಕಟ್ಟುಗಳನ್ನು ಕಟ್ಟಿದ್ದರೆ ನಾವು ಅವಳನ್ನು ದೂರದಿಂದ ಮೆಚ್ಚುತ್ತಿದ್ದೆವು. ಹೀಗೆ ತೆಗೆದದ್ದರಿಂದ ಅವಳ ಪಕ್ಕದಲ್ಲಿಯೇ ನಿಂತಿದ್ದೇವೆ.

ಹಳೆಯ ಟಾಕೀಸು

ಇಲ್ಲಿ ನಾನು ಭಾಗಶಃ ವಿದ್ಯಾರ್ಥಿಯ ಪರ. 'ಬ್ರೇಕಿಂಗ್ ದ ವೇವ್ಸ್' ಬಗ್ಗೆ ತಕರಾರಿಲ್ಲ. ಆ ಚಿತ್ರಕ್ಕೆ ಆ ಕಣ್ಣು ಬೇಕಿತ್ತು, ನ್ಯೂಯಾರ್ಕಿನ ವಿಮರ್ಶಕರು 1996ರ ಛಾಯಾಗ್ರಹಣ ಪ್ರಶಸ್ತಿಯನ್ನು ಮ್ಯೂಲರ್ ಅವರಿಗೆ ಕೊಟ್ಟದ್ದೂ ನ್ಯಾಯವೇ. ಆದರೆ ವಾನ್ ಟ್ರಯರ್ ಅವರದೇ 2000ದ 'ಡ್ಯಾನ್ಸರ್ ಇನ್ ದ ಡಾರ್ಕ್' ನನ್ನನ್ನು ಒಪ್ಪಿಸಲಿಲ್ಲ. ಹಾಡಿನ ದೃಶ್ಯಗಳಿಗೆ ನೂರು ಚಿಕ್ಕ ಡಿಜಿಟಲ್ ಕ್ಯಾಮೆರಾಗಳನ್ನು ಅಲ್ಲಲ್ಲಿ ನೆಟ್ಟರು, ಉಳಿದ ದೃಶ್ಯಗಳಲ್ಲಿ ಕ್ಯಾಮೆರಾ ನಿರ್ದೇಶಕರ ಕೈಯಲ್ಲಿಯೇ ಇತ್ತು. ನೂರು ಕಣ್ಣುಗಳಿದ್ದೂ ಯಾವುದಕ್ಕೂ ನೋಟವಿಲ್ಲ ಎಂದು ನನಗೆ ಅನಿಸಿತು. ನಾಯಕಿಯಾಗಿ ನಟಿಸಿದ ಗಾಯಕಿ ಬ್ಯೋರ್ಕ್ ಅವರ ದನಿ ಆ ಚಿತ್ರವನ್ನು ಹೊತ್ತು ನಿಲ್ಲಿಸಿದೆ, ಚಿತ್ರಿಕೆಗಳಲ್ಲ. ಕಾನ್‌ನಲ್ಲಿ ಅದಕ್ಕೂ ಚಿನ್ನದ ತಾಳೆಗರಿ ಬಂದಿತೆಂಬುದು ಗೊತ್ತು. ಆದರೂ ನನ್ನ ಅಭಿಪ್ರಾಯ ಬದಲಾಗುವುದಿಲ್ಲ.

ಒಂದನ್ನು ಮಾತ್ರ ಒಪ್ಪಿಕೊಳ್ಳುತ್ತೇನೆ. ಅರವತ್ತು ಮುಟ್ಟಿದ, ಫಿಲ್ಮಿನ ಪ್ರತಿ ಛಾಯೆಯನ್ನೂ ಬಲ್ಲ ಮನುಷ್ಯ ಹೊಸ ಕ್ಯಾಮೆರಾಗಳಿಗೆ ಬಾಗಿಲು ಹಾಕಲಿಲ್ಲ. 2002ರಲ್ಲಿ ಮ್ಯಾಂಚೆಸ್ಟರಿನ ಸಂಗೀತ ಲೋಕದ ಮೇಲೆ ಮೈಕಲ್ ವಿಂಟರ್‌ಬಾಟಮ್ ಮಾಡಿದ '24 ಅವರ್ ಪಾರ್ಟಿ ಪೀಪಲ್' ಕೂಡ ಡಿಜಿಟಲ್ ವಿಡಿಯೋದಲ್ಲಿಯೇ ತೆಗೆದದ್ದು.

ಕಾಲುವೆ ಪಕ್ಕದ ಮನೆ

ನಾನು ಕೆಲಸದ ನಿಮಿತ್ತ ಹಲವು ವರ್ಷ ನೆದರ್‌ಲ್ಯಾಂಡ್ಸಿನಲ್ಲಿ ಇದ್ದವಳು. ಶಿವಮೊಗ್ಗದ ಮಲೆನಾಡಿನಿಂದ ಅಲ್ಲಿಗೆ ಹೋದ ಮೊದಲ ಚಳಿಗಾಲದಲ್ಲಿ ಬೆಳಕಿಗಾಗಿ ಹಪಹಪಿಸಿದ್ದೇನೆ. ಆದ್ದರಿಂದ ಕುರಸಾವ್‌ನಿಂದ ಆಮ್‌ಸ್ಟರ್‌ಡ್ಯಾಮಿಗೆ ಬಂದ ಹುಡುಗನ ಮಾತು ಓದಿ ಸುಮ್ಮನಿರಲಾಗಲಿಲ್ಲ.

2016ರ ಬೇಸಿಗೆಯಲ್ಲಿ ಆಮ್‌ಸ್ಟರ್‌ಡ್ಯಾಮಿನ ಐ ಚಲನಚಿತ್ರ ವಸ್ತುಸಂಗ್ರಹಾಲಯದಲ್ಲಿ ಮ್ಯೂಲರ್ ಅವರ ಪ್ರದರ್ಶನ ನಡೆಯಿತು. ದೊಡ್ಡ ರೈಲು ನಿಲ್ದಾಣದ ಹಿಂಬದಿಯಿಂದ ದೋಣಿ ಹತ್ತಿ, ಟಿಕೆಟ್ ಇಲ್ಲದೆಯೇ ನೀರು ದಾಟಿ ಅಲ್ಲಿಗೆ ಹೋಗಬಹುದು. ಒಳಗೆ ಕತ್ತಲೆ ಕೋಣೆಗಳಲ್ಲಿ ಅವರ ಚಿತ್ರಗಳ ತುಣುಕುಗಳು ದೊಡ್ಡ ತೆರೆಗಳ ಮೇಲೆ ಓಡುತ್ತಿದ್ದವು. ನಾನು ಹೆಚ್ಚು ಹೊತ್ತು ನಿಂತದ್ದು ಪೊಲರಾಯ್ಡ್‌ಗಳ, ಎಂದರೆ ತೆಗೆದ ಕೂಡಲೇ ಕ್ಯಾಮೆರಾದಿಂದಲೇ ಹೊರಬರುವ ಫೋಟೋಗಳ ಮುಂದೆ. ಚಿತ್ರೀಕರಣಕ್ಕೆಂದು ಊರೂರು ಅಲೆಯುವಾಗ ತಾವು ತಂಗಿದ ಹೋಟೆಲ್ ಕೋಣೆಗಳನ್ನು ಅವರು ತೆಗೆದಿದ್ದರು: ಪರದೆಯ ಸಂದಿಯಿಂದ ಹಾಸಿಗೆಯ ಮೇಲೆ ಬಿದ್ದ ಬೆಳಕಿನ ಪಟ್ಟಿ, ಮೇಜಿನ ದೀಪ, ಕಿಟಕಿಯ ಆಚೆಗಿನ ಬೀದಿ. ಅಂಗೈಯಷ್ಟು ಅಗಲದ ಚಿತ್ರಗಳು. ಯಾರಿಗೂ ತೋರಿಸಲು ತೆಗೆದವಲ್ಲ ಎಂದು ನೋಡಿದರೆ ತಿಳಿಯುತ್ತದೆ. 'ಆಲಿಸ್ ಇನ್ ದ ಸಿಟೀಸ್' ಚಿತ್ರದ ಪತ್ರಕರ್ತ ಪೊಲರಾಯ್ಡ್ ಕ್ಯಾಮೆರಾ ಹಿಡಿದು ಅಮೆರಿಕ ಸುತ್ತುತ್ತ, ತಾನು ಕಂಡದ್ದು ಚಿತ್ರದಲ್ಲಿ ಎಂದೂ ಬರುವುದಿಲ್ಲ ಎಂದು ಕೊರಗುತ್ತಾನೆ. ಅವನನ್ನು ತೆಗೆದವರ ಕೈಯಲ್ಲಿ ಮಾತ್ರ ಕಂಡದ್ದು ಚಿತ್ರಕ್ಕೆ ಬಂದಿದೆ.

ಪತ್ರಿಕೆಗಳು ಅವರನ್ನು ಹಳೆಯ ಡಚ್ ವರ್ಣಚಿತ್ರಕಾರರಾದ ವರ್ಮೀರ್, ರೆಂಬ್ರಾಂಟ್ ಅವರ ವಾರಸುದಾರ ಎಂದು ಬರೆಯುತ್ತವೆ. ಡಚ್ಚ ಎಂದ ಕೂಡಲೇ ಹೊಳೆಯುವ ಹೋಲಿಕೆ ಅದು. ವರ್ಮೀರನ ಬೆಳಕು ಒಂದು ಮನೆಯ ಎಡಗಡೆಯ ಕಿಟಕಿಯಿಂದ ಬರುತ್ತದೆ. ಆ ಮನೆಯವರಿಗೆ ಅದು ದಿನನಿತ್ಯದ್ದು. ಮ್ಯೂಲರ್ ಅವರ ಬೆಳಕು ಇನ್ನೊಬ್ಬರ ಊರಿನದು, ಒಂದು ರಾತ್ರಿ ತಂಗಿ ಹೋಗುವವನು ಕಂಡದ್ದು. ಆ ಹೋಟೆಲ್ ಕೋಣೆಗಳ ಮುಂದೆ ನಿಂತು ನನಗೆ ಹಾಗೆ ಅನಿಸಿತು.

ಆ ಪ್ರದರ್ಶನದ ಹೊತ್ತಿಗೆ ಅವರ ಆರೋಗ್ಯ ಬಹಳ ಕೆಟ್ಟಿತ್ತು. ಮಿದುಳಿನ ರಕ್ತನಾಳಗಳ ತೊಂದರೆಯಿಂದ ಬರುವ ಮರೆವಿನ ಕಾಯಿಲೆ ಅವರ ಮಾತನ್ನು ಕಸಿದಿತ್ತು. 2018ರ ಜುಲೈ 3ರಂದು ಆಮ್‌ಸ್ಟರ್‌ಡ್ಯಾಮಿನಲ್ಲಿ, 78ನೆಯ ವಯಸ್ಸಿನಲ್ಲಿ ತೀರಿಕೊಂಡರು. ಅದೇ ವರ್ಷ ವೆನಿಸ್ ಉತ್ಸವದಲ್ಲಿ ಕ್ಲೇರ್ ಪೈಮನ್ ಅವರ 'ಲಿವಿಂಗ್ ದ ಲೈಟ್' ಎಂಬ ಸಾಕ್ಷ್ಯಚಿತ್ರ ಬಂತು. ಮ್ಯೂಲರ್ ದಶಕಗಳ ಕಾಲ ತಮ್ಮಷ್ಟಕ್ಕೆ ತೆಗೆದಿಟ್ಟ ವಿಡಿಯೋ ದಿನಚರಿಗಳಿಂದ ಅದನ್ನು ಕಟ್ಟಿದ್ದಾರೆ, ಸಂಗೀತದಲ್ಲಿ ಜಾರ್ಮುಶ್ ಅವರ ಕೈ ಇದೆ. ಮಾತು ಹೋದ ಮನುಷ್ಯನ ಬಗ್ಗೆ ಅವನ ಕಣ್ಣೇ ಸಾಕ್ಷಿ ಹೇಳಿದಂತಿದೆ. ಹೊಸ ವಿದ್ಯಾರ್ಥಿಯವರು ಅದನ್ನು ತಪ್ಪದೆ ನೋಡಬೇಕು.

ಹೊಸ ವಿದ್ಯಾರ್ಥಿ

ನೋಡುತ್ತೇನೆ. ಈ ವಾರ ನಮಗೆ ಒಂದು ಅಭ್ಯಾಸ ಕೊಟ್ಟಿದ್ದಾರೆ: ಬಸ್ ನಿಲ್ದಾಣದಲ್ಲಿ ರಾತ್ರಿ ಕೂತ ಒಬ್ಬ ಮನುಷ್ಯ, ಒಂದು ನಿಮಿಷ. ಬಾಡಿಗೆಗೆ ಎರಡು ದೀಪ ಕೇಳಿ ಇಟ್ಟಿದ್ದೆ. ಅವನ್ನು ಹಿಂದಿರುಗಿಸಿ, ಮೊದಲು ಎರಡು ರಾತ್ರಿ ಅಲ್ಲಿ ಸುಮ್ಮನೆ ಕೂತು ನೋಡುತ್ತೇನೆ.

ಮುಸ್ಸಂಜೆ

ನಿನ್ನೆ ರಾತ್ರಿ ಗಾಜಿನ ದೃಶ್ಯವನ್ನೂ ಕೊನೆಯ ದೃಶ್ಯವನ್ನೂ ಮತ್ತೆ ನೋಡಿದೆ. ಹೋಟೆಲ್ ಕೋಣೆಯಲ್ಲಿ ತಾಯಿ ಮತ್ತು ಮಗ ಒಬ್ಬರನ್ನೊಬ್ಬರು ಅಪ್ಪಿಕೊಳ್ಳುತ್ತಾರೆ. ಕೆಳಗೆ ಟ್ರಾವಿಸ್ ಒಬ್ಬನೇ ಕಾರು ನಿಲ್ದಾಣದಲ್ಲಿ ನಿಂತು ಮೇಲಿನ ಕಿಟಕಿಯನ್ನು ನೋಡುತ್ತಾನೆ. ಅವನ ಸುತ್ತ ಆ ಹಸಿರು. ಈ ಸಲ ನನಗೆ ಅದು ವಿಷದಂತೆ ಕಾಣಲಿಲ್ಲ. ಆ ಹೊತ್ತಿನಲ್ಲಿ ಆ ಊರಿನಲ್ಲಿ ಹೊರಗೆ ನಿಂತವನಿಗೆ ಬೇರೆ ಬೆಳಕು ಇರಲಿಲ್ಲ. ಆಮೇಲೆ ಅವನು ಕಾರು ಹತ್ತುತ್ತಾನೆ, ಹಸಿರು ಹಿಂದೆ ಉಳಿಯುತ್ತದೆ, ರಸ್ತೆಯ ಕೆಂಪು ಅವನ ಮುಖದ ಮೇಲೆ ಬರುತ್ತದೆ.